ಕಲ್ಪನೆಯ ನಾಡಿಗೆ ಶಾಸ್ತ್ರದ ಹಾಡು ಕಟ್ಟುವುದು ಹೇಗೆ

ಫ್ಯಾಂಟಸಿ ಕಥೆಯಲ್ಲಿ ಒಂದು ಹಬ್ಬ ಬರುತ್ತದೆ. ಊರೆಲ್ಲ ಸೇರುತ್ತದೆ, ಹಿರಿಯನೊಬ್ಬ ಕೈಯೆತ್ತಿ ಪುರಾತನ ಗೀತೆ ಹಾಡುತ್ತಾನೆ, ಕೆಳಗೆ ಓರೆ ಅಕ್ಷರದಲ್ಲಿ ಎಂಟು ಸಾಲು. ಓದುವವರು ಆ ಎಂಟು ಸಾಲನ್ನು ಹಾರಿಸಿ ಮುಂದಿನ ಪ್ಯಾರಾಕ್ಕೆ ಹೋಗುತ್ತಾರೆ. ಎಷ್ಟೋ ಒಳ್ಳೆಯ ಕಥೆಗಳಲ್ಲಿ ಹೀಗಾಗುವುದನ್ನು ನೋಡಿ ಬೇಸರಪಟ್ಟಿದ್ದೇನೆ. ಸಾಲುಗಳು ಕೆಟ್ಟದಾಗಿರುತ್ತವೆ ಅಂತಲ್ಲ. ಆ ಹಾಡಿಗೆ ಆ ಊರಿನಲ್ಲಿ ಮಾಡಲು ಕೆಲಸವೇ ಇರುವುದಿಲ್ಲ.

ನಮ್ಮ ಸುತ್ತಲಿನ ಶಾಸ್ತ್ರದ ಹಾಡುಗಳಿಗೆಲ್ಲ ಕೆಲಸವಿದೆ. ಹಂತಿ ಪದ ರಾತ್ರಿಯಿಡೀ ಕಣದಲ್ಲಿ ಮೇಟಿ ಸುತ್ತುವ ಎತ್ತನ್ನೂ ಆಳನ್ನೂ ಎಚ್ಚರ ಇಡುತ್ತದೆ. ಬೀಸುವ ಪದ ಕಲ್ಲಿನ ಸುತ್ತಿಗೆ ಲಯ ಕೊಡುತ್ತದೆ. ಸೋಬಾನೆ ಹಾಡಿದರೇನೇ ಹಸೆಯ ಮೇಲೆ ಕೂತವರು ಮದುಮಕ್ಕಳು. ಆದ್ದರಿಂದ ನಾನು ಇಲ್ಲಿ ಹೇಳುವ ದಾರಿ ತಲೆಕೆಳಗಾಗಿ ಕಂಡೀತು: ಮೊದಲು ಕೈಕೆಲಸ, ಆಮೇಲೆ ಬಾಯಿ, ಆಮೇಲೆ ಲಯ, ಎಲ್ಲಕ್ಕೂ ಕೊನೆಗೆ ಪದಗಳು. ಜೊತೆಗೆ ಒಂದು ಹಾಡನ್ನು ಮೊದಲಿನಿಂದ ಕೊನೆಯವರೆಗೆ ಕಟ್ಟಿ ತೋರಿಸುತ್ತೇನೆ.

೧. ಕೈ ಏನು ಮಾಡುತ್ತಿದೆ?

ನಾನು ಆರಿಸಿಕೊಂಡ ಕಲ್ಪಿತ ನಾಡಿಗೆ ಹೊರಳುಸೀಮೆ ಅಂತ ಹೆಸರಿಟ್ಟಿದ್ದೇನೆ. ಅಲ್ಲಿನ ಹೊಳೆ ಪ್ರತಿ ಮಳೆಗಾಲದಲ್ಲೂ ಹಳೆಯ ಪಾತ್ರ ಬಿಟ್ಟು ಹೊಸದು ಹಿಡಿಯುತ್ತದೆ. ಇದು ಪೂರ್ತಿ ಕಲ್ಪನೆಯೂ ಅಲ್ಲ. ಬಿಹಾರದ ಕೋಸಿ ನದಿ ಕಳೆದ ಎರಡು ಶತಮಾನಗಳಲ್ಲಿ ನೂರು ಕಿಲೋಮೀಟರಿಗೂ ಹೆಚ್ಚು ಪಡುವಣಕ್ಕೆ ಸರಿದಿತ್ತು. 2008ರ ಆಗಸ್ಟ್‌ನಲ್ಲಿ ನೇಪಾಳದ ಕುಸಹಾ ಬಳಿ ಏರಿ ಒಡೆದಾಗ ಮತ್ತೆ ಮೂಡಣದ ಹಳೆಯ ದಾರಿಗಳಿಗೆ ನುಗ್ಗಿತು. ನನ್ನ ನಾಡಿನಲ್ಲಿ ಅದು ವರ್ಷಕ್ಕೊಮ್ಮೆ ಆಗುತ್ತದೆ, ಅಷ್ಟೇ.

ಅಲ್ಲಿಯ ನಂಬಿಕೆ ಇದು: ಹೊಸ ಪಾತ್ರದ ಹೊಳೆ ಹೊಸ ಹೊಳೆ. ಅದಕ್ಕೆ ಹೆಸರಿಡುವವರೆಗೆ ಆ ನೀರನ್ನು ಯಾರೂ ಕುಡಿಯುವಂತಿಲ್ಲ, ದನಕ್ಕೂ ತೋರಿಸುವಂತಿಲ್ಲ. ನೆರೆ ಇಳಿದ ಮೂರನೇ ದಿನ ನಸುಕಿನಲ್ಲಿ ಹೆಂಗಸರು ಹಳೆಯ ಪಾತ್ರದ ಗುಂಡಿಯಲ್ಲಿ ನಿಂತ ಕೊನೆಯ ನೀರನ್ನು ಕೊಡಕ್ಕೆ ತುಂಬಿ, ತಲೆಯ ಮೇಲೆ ಹೊತ್ತು, ಮರಳಿನಲ್ಲಿ ನಡೆದು ಹೊಸ ಹೊಳೆಗೆ ತಂದು ಸುರಿಯುತ್ತಾರೆ. ಸುರಿದು ಹೆಸರು ಹೇಳುತ್ತಾರೆ. ಆಮೇಲೆ ಮೊದಲ ಬೊಗಸೆ.

ಇಷ್ಟನ್ನು ಬರೆದುಕೊಂಡ ಮೇಲೆ ಹಾಡಿನ ಅರ್ಧ ತಾನಾಗಿಯೇ ತೀರ್ಮಾನವಾಯಿತು. ಇದು ನಡಿಗೆಯ ಹಾಡು. ಕೊಡ ತುಂಬಿರುವುದರಿಂದ ನಡಿಗೆ ನಿಧಾನ, ಹೆಜ್ಜೆ ಸಣ್ಣದು. ಎಲ್ಲಕ್ಕಿಂತ ಮುಖ್ಯವಾದದ್ದು, ಹೊಳೆ ಒಂದು ವರ್ಷ ಅರ್ಧ ಕಿಲೋಮೀಟರು ಸರಿದೀತು, ಇನ್ನೊಂದು ವರ್ಷ ಎರಡು. ಹಾಗಾಗಿ ಹಾಡು ಎಳೆದರೆ ಉದ್ದವಾಗಬೇಕು, ಬೇಕೆಂದಲ್ಲಿ ನಿಲ್ಲಬೇಕು. ಹೀಗೆ ಹಿಗ್ಗುವ ಹಾಡಿಗೆ ಪಟ್ಟಿಯಷ್ಟು ಹೊಂದುವ ರಚನೆ ಬೇರೆ ಇಲ್ಲ. ಹೊರಳುಸೀಮೆಯಲ್ಲಿ ಆ ಪಟ್ಟಿ ಯಾವುದಿರಬಹುದು? ಹಿಂದಿನ ವರ್ಷಗಳ ಹೊಳೆಗಳ ಹೆಸರು. ಒಂದು ಹೆಸರಿಗೆ ಒಂದು ನುಡಿ, ಅಂದರೆ ಹಾಡಿನ ಒಂದು ಪದ್ಯ.

ನೀವೂ ಹೀಗೇ ಮಾಡಿ. ನಿಮ್ಮ ಶಾಸ್ತ್ರದಲ್ಲಿ ಕೈ, ಕಾಲು, ಬೆನ್ನು ಏನು ಮಾಡುತ್ತವೆ, ಎಷ್ಟು ಹೊತ್ತು ಮಾಡುತ್ತವೆ, ಆ ಹೊತ್ತು ಹೆಚ್ಚುಕಮ್ಮಿ ಆಗುತ್ತದೆಯೇ ಅಂತ ಐದಾರು ವಾಕ್ಯ ಬರೆಯಿರಿ. 'ದೇವಿಯನ್ನು ಸ್ತುತಿಸುತ್ತಾರೆ' ಎನ್ನುವುದು ಕೈಕೆಲಸವಲ್ಲ. ಸ್ತುತಿಸುವಾಗ ಏನನ್ನು ಕುಟ್ಟುತ್ತಾರೆ, ಏನನ್ನು ಸುತ್ತುತ್ತಾರೆ, ಏನನ್ನು ಹೊರುತ್ತಾರೆ ಎನ್ನುವುದು ಕೈಕೆಲಸ.

೨. ಯಾರು ಹಾಡುತ್ತಾರೆ, ಯಾರು ಹಾಡಬಾರದು

ಮಾದೇಶ್ವರನ ಕಥೆಯನ್ನು ಕಂಸಾಳೆ ಹಿಡಿದು ಹಾಡುವುದು ದೇವರಗುಡ್ಡರು. ಮಂಟೇಸ್ವಾಮಿಯದನ್ನು ಹಾಡುವುದು ನೀಲಗಾರರು. ಕೊಡಗಿನ ಬಾಳೋಪಾಟ್‌ಗೆ ನಾಲ್ವರು ಗಂಡಸರು, ಕೈಯಲ್ಲಿ ಪುಟ್ಟ ದುಡಿ. ಇಬ್ಬರು ಹೇಳಿದ್ದನ್ನು ಇನ್ನಿಬ್ಬರು ಎತ್ತಿಕೊಳ್ಳುತ್ತಾರೆ. ಹಾಡಿಗೆ ಹೀಗೆ ಒಡೆಯರಿರುತ್ತಾರೆ. ನಿಮ್ಮ ನಾಡಿನಲ್ಲೂ ಇರಲಿ. ಮುಂದೆ ಹೇಳುವವರು ಯಾರು, ಸೊಲ್ಲು (ಮರಳಿ ಮರಳಿ ಬರುವ ಪಲ್ಲವಿ) ಹಿಡಿಯುವವರು ಯಾರು, ಕೇಳಿಸಿಕೊಳ್ಳುವುದಕ್ಕೂ ಅಡ್ಡಿಯಿರುವವರು ಯಾರು ಎಂದು ನಿಷ್ಕರ್ಷೆ ಮಾಡಿಕೊಳ್ಳಿ. ಹೊರಳುಸೀಮೆಯಲ್ಲಿ ಮುಂದೆ ನಡೆಯುವವಳು ಅರವತ್ತು ಹೊಳೆ ಕಂಡವಳು, ಅಂದರೆ ಅರವತ್ತು ದಾಟಿದವಳು. ಸೊಲ್ಲು ಹಿಡಿಯುವುದು ಉಳಿದ ಹೆಂಗಸರು. ಆ ವರ್ಷದ ನೆರೆಯಲ್ಲಿ ಮನೆಯವರನ್ನು ಕಳೆದುಕೊಂಡವಳು ಹಾಡುವಂತಿಲ್ಲ, ಆದರೆ ಕೊಡ ಮಾತ್ರ ಅವಳೇ ಹೊರಬೇಕು. ಈ ಒಂದು ಕಟ್ಟಳೆ ಬರೆದುಕೊಂಡ ಕೂಡಲೇ ನನಗೆ ಕಥೆಯ ನಾಯಕಿ ಸಿಕ್ಕಳು.

ಒಂದೇ ಹಾಡು ಎರಡು ಜಾಗದಲ್ಲಿ ಎರಡು ಥರ ಇರಬಹುದು ಎನ್ನುವುದನ್ನೂ ಮರೆಯಬೇಡಿ. ತುಳುನಾಡಿನವರು ದೈವವೆಂದು ನಂಬುವ ಸಿರಿಯ ಕಥೆಯನ್ನು ನಾಟಿ ಗದ್ದೆಯಲ್ಲಿ ಹೆಂಗಸರು ಬೆನ್ನು ಬಾಗಿಸಿಕೊಂಡು ಹಾಡುತ್ತಾರೆ. ಅದೇ ಕಥೆ ಸಿರಿ ಜಾತ್ರೆಯ ರಾತ್ರಿ ಬಂದಾಗ 'ಸಿರಿ ಹೀಗಂದಳು' ಎನ್ನುವ ಮಾತು ಹೋಗಿ 'ನಾನು ಸಿರಿ' ಎನ್ನುವ ಮಾತು ಬರುತ್ತದೆ. ಗದ್ದೆಯಲ್ಲಿ 'ಅವಳು', ಜಾತ್ರೆಯಲ್ಲಿ 'ನಾನು'. ಕಥೆ ಬರೆಯುವವರಿಗೆ ಇದು ದೊಡ್ಡ ಪಾಠ: ಯಾವಾಗಲೂ 'ಅವಳು' ಎಂದೇ ಹಾಡುವ ನುಡಿಯಲ್ಲಿ ಒಂದು ದಿನ ಒಬ್ಬಾಕೆಯ ಬಾಯಲ್ಲಿ 'ನಾನು' ಬಂದರೆ ಸಾಕು, ಇಡೀ ಊರು ನಿಂತುಬಿಡುತ್ತದೆ.

೩. ಮೊದಲು ಸೊಲ್ಲು

ನುಡಿಗಳಿಗಿಂತ ಮುಂಚೆ ಸೊಲ್ಲು ಕಟ್ಟಿ. ಯಾಕೆ ಎನ್ನುವುದನ್ನು ನಾನು ಹಾವೇರಿ ಕಡೆಯ ನೆಂಟರ ಮದುವೆಯಲ್ಲಿ ಕಲಿತೆ. ಸುರಗಿ ಸುತ್ತುತ್ತಿದ್ದರು. ನಾಲ್ಕು ಮೂಲೆಗೆ ತಂಬಿಗೆ, ನಡುವೆ ಮಣೆಯ ಮೇಲೆ ಮದುಮಕ್ಕಳು, ಅರಿಶಿನ ಹಚ್ಚಿದ ನೂಲು ತಂಬಿಗೆಯಿಂದ ತಂಬಿಗೆಗೆ ಹೋಗುತ್ತಿತ್ತು. ಹಾಡು ಹೇಳುತ್ತಿದ್ದ ಅಜ್ಜಿಗೆ ನಡುವೆ ಒಂದು ನುಡಿ ಮರೆತುಹೋಯಿತು. ಬಾಯಿ ತೆರೆದದ್ದು ತೆರೆದೇ ಇತ್ತು, ಕಣ್ಣು ಮಾಡಿನ ಕಡೆ. ಸುತ್ತ ಇದ್ದ ಐದಾರು ಹೆಂಗಸರು ತಲೆ ಎತ್ತಿ ನೋಡಲೂ ಇಲ್ಲ. ಸೋಬಾನದ ಸೊಲ್ಲನ್ನೇ ಹಿಡಿದುಕೊಂಡು ಒಂದು ಸಲ, ಎರಡು ಸಲ, ಮೂರು ಸಲ, ನಾಲ್ಕನೆಯ ಸಲಕ್ಕೆ ಅಜ್ಜಿಗೆ ನೆನಪಾಗಿ ಸೇರಿಕೊಂಡರು. ನೂಲು ಒಂದು ಕ್ಷಣವೂ ನಿಂತಿರಲಿಲ್ಲ.

ಸೊಲ್ಲು ಇರುವುದೇ ಅದಕ್ಕೆ. ಮರೆತವರಿಗೆ ಹೊತ್ತು ಕೊಡುತ್ತದೆ, ಉಸಿರು ಕೊಡುತ್ತದೆ, ಹಾಡು ಬಾರದ ಮಗುವಿಗೂ ಒಂದು ಪಾಲು ಕೊಡುತ್ತದೆ. ಅದರಲ್ಲಿ ಅರ್ಥ ಕಮ್ಮಿ ಇರಲಿ, ಬಾಯಿಗೆ ಸಲೀಸು ಹೆಚ್ಚಿರಲಿ. ಕೋಲೆ ಕೋಲು, ಸುವ್ವಿ ಸುವ್ವಿ, ತಂದಾನ ತಾನ, ತುಳುವಿನ ಡೆನ್ನಾನ ಇವುಗಳನ್ನು ಜೋರಾಗಿ ಹೇಳಿ ನೋಡಿ. ನಾಲಿಗೆ ಎಲ್ಲೂ ಎಡವುವುದಿಲ್ಲ.

ನನ್ನ ಹಾಡಿನ ಸೊಲ್ಲು:

ತುಳುಕದೆ ಬಾರೆ ತುಳುಕದೆ

ಇದು ಕೊಡ ಹೊತ್ತವಳಿಗೆ ಹೇಳುವ ಎಚ್ಚರಿಕೆಯೂ ಹೌದು, ನೆರೆ ಉಕ್ಕಿಸುವ ಹೊಳೆಗೆ ಹೇಳುವ ಬೇಡಿಕೆಯೂ ಹೌದು. ಇಷ್ಟು ಅರ್ಥ ಸಾಕು.

೪. ಲಯವನ್ನು ಕಾಲಿನಿಂದ ಅಳೆಯಿರಿ

ಇಲ್ಲಿ ನಿಧಾನಿಸಬೇಕು. ಕನ್ನಡದಲ್ಲಿ ಶಾಸ್ತ್ರದ ಹಾಡು ಬರೆಯುವವರಿಗೆ ತ್ರಿಪದಿ ಎಂಬ ಭಾಗ್ಯವಿದೆ. ಬಾದಾಮಿಯ ಕಪ್ಪೆ ಅರಭಟ್ಟನ ಬಂಡೆಗಲ್ಲಿನ ಶಾಸನ ಸುಮಾರು ಕ್ರಿ.ಶ. 700ರದ್ದು, ಅದರಲ್ಲೇ ತ್ರಿಪದಿ ಇದೆ. ಅಂದಿನಿಂದ ಇಂದಿನ ಬೀಸುಕಲ್ಲಿನವರೆಗೆ ಅದು ಬಾಯಿಂದ ಬಾಯಿಗೆ ಬಂದಿದೆ.

ತ್ರಿಪದಿಯದು ಅಂಶ ಛಂದಸ್ಸು. ಇಲ್ಲಿ ಎಣಿಸುವುದು ಮಾತ್ರೆಯನ್ನಲ್ಲ, ಅಂಶ ಎಂಬ ಉಚ್ಚಾರದ ತುಣುಕುಗಳನ್ನು; ಅಂಥ ಎರಡು ಮೂರು ತುಣುಕು ಸೇರಿದರೆ ಒಂದು ಗಣ. ಒಟ್ಟು ಹನ್ನೊಂದು ಗಣ: ಮೊದಲ ಸಾಲಿಗೆ ನಾಲ್ಕು, ಎರಡನೆಯದಕ್ಕೆ ನಾಲ್ಕು, ಮೂರನೆಯದಕ್ಕೆ ಮೂರು. ಆರನೆಯ ಮತ್ತು ಹತ್ತನೆಯ ಗಣ ಎರಡಂಶದ ಬ್ರಹ್ಮಗಣ, ಉಳಿದವೆಲ್ಲ ಮೂರಂಶದ ವಿಷ್ಣುಗಣ. ಗಣದ ಮೊದಲ ಅಂಶದ ಜಾಗದಲ್ಲಿ ಒಂದು ಗುರುವಾದರೂ ಬರಬಹುದು, ಎರಡು ಲಘುವಾದರೂ ಬರಬಹುದು. ಆಮೇಲಿನ ಅಂಶಗಳಿಗೆ ಒಂದೊಂದೇ ಅಕ್ಷರ, ಗಿಡ್ಡವಾದರೂ ಸರಿ, ಉದ್ದವಾದರೂ ಸರಿ. ಭಾಮಿನಿ ಷಟ್ಪದಿಯಲ್ಲಿ ಮಾತ್ರೆ ತಪ್ಪಿದರೆ ಕಿವಿ ಕುಟುಕುತ್ತದೆ. ತ್ರಿಪದಿ ಹಾಗಲ್ಲ, ಹಾಡುವವರು ಎಳೆದು ಸರಿಮಾಡಿಕೊಳ್ಳುತ್ತಾರೆ. ತಲೆಯ ಮೇಲೆ ಕೊಡ ಇಟ್ಟುಕೊಂಡು ಮರಳಿನಲ್ಲಿ ನಡೆಯುವವರಿಗೆ ಈ ಸಡಿಲ ಬೇಕೇ ಬೇಕು.

ನಾನು ತಾರಸಿಯ ಮೇಲೆ ಅರ್ಧ ತುಂಬಿದ ಕೊಡ ಹೊತ್ತು ನಡೆದು ನೋಡಿದೆ. ಒಂದು ಗಣಕ್ಕೆ ಎರಡು ಹೆಜ್ಜೆ ಸಹಜವಾಗಿ ಕೂತಿತು. ಹಾಡುವಾಗ ಎರಡನೆಯ ಸಾಲನ್ನು ಮರಳಿ ಹೇಳುವ ರೂಢಿ ಇದೆ. ಹಾಗಾಗಿ ಲೆಕ್ಕ ಹೀಗೆ: 8, 8, ಮತ್ತೆ 8, ಕೊನೆಗೆ 6, ಒಟ್ಟು 30 ಹೆಜ್ಜೆ. ಸೊಲ್ಲಿನ ಆಕಾರ ತ್ರಿಪದಿಯ ಮೂರನೆಯ ಸಾಲಿನದ್ದೇ, ಅದಕ್ಕೆ 6. ಉಸಿರು ತೆಗೆದುಕೊಳ್ಳಲು 4. ಒಂದು ನುಡಿಗೆ 40 ಹೆಜ್ಜೆ. ಕೊಡ ಹೊತ್ತವರ ಹೆಜ್ಜೆ ಅರ್ಧ ಮೀಟರು ಅಂತಿಟ್ಟುಕೊಂಡರೆ ಒಂದು ನುಡಿಗೆ 20 ಮೀಟರು, ಒಂದು ಕಿಲೋಮೀಟರಿಗೆ 50 ನುಡಿ.

ಈ ಲೆಕ್ಕ ಒಣ ಲೆಕ್ಕ ಅನ್ನಿಸಬಹುದು. ಆದರೆ ನನ್ನ ಕಥೆಯ ಗಂಟು ಸಿಕ್ಕಿದ್ದು ಇಲ್ಲಿಯೇ. ಈ ವರ್ಷ ಹೊಳೆ ಅರ್ಧ ಕಿಲೋಮೀಟರು ಮಾತ್ರ ಸರಿದಿದೆ. ಹಾಡಲು ಜಾಗ ಇರುವುದು 25 ನುಡಿಗೆ. ಮೊದಲ ನುಡಿ, ಕೊನೆಯ ನುಡಿ ಬಿಟ್ಟರೆ 23 ಹೆಸರು. ನೆನಪಿನಲ್ಲಿರುವುದು 70 ಹೆಸರು. ಯಾರನ್ನು ಬಿಡಬೇಕು? ಬಿಟ್ಟ ಹೊಳೆಯ ವರ್ಷದಲ್ಲಿ ಹುಟ್ಟಿದವರು, ಮದುವೆಯಾದವರು, ಮುಳುಗಿದವರು ಸುಮ್ಮನಿರುತ್ತಾರೆಯೇ?

ನಿಮ್ಮ ಶಾಸ್ತ್ರದಲ್ಲಿ ನಡಿಗೆ ಇಲ್ಲದಿದ್ದರೆ ಕುಟ್ಟುವ ಏಟನ್ನೋ, ತೊಟ್ಟಿಲ ತೂಗನ್ನೋ, ಹಗ್ಗ ಎಳೆಯುವ ಜಗ್ಗನ್ನೋ ಎಣಿಸಿ. ಕುಳಿತಲ್ಲೇ ಊಹಿಸಬೇಡಿ, ದಯವಿಟ್ಟು ಎದ್ದು ಮಾಡಿ ನೋಡಿ.

೫. ಈಗ ಪದಗಳು

ಮೊದಲ ನುಡಿ, ಹಳೆಯ ಪಾತ್ರ ಬಿಟ್ಟು ಹೊರಡುವಾಗ:

ಹಳೆನೀರ ಕೊಡ ಹೊತ್ತು ಮಳಲಾಗ ನಡೆದೇವು
ಹೊಳೆಯವ್ವ ನೀನು ಮಲಗಿದ್ದ | ಹಾಸೀಗೆ
ಉಳಿಸಿಟ್ಟು ಎಲ್ಲಿ ಹೊರಳೀದೆ

ನಡುವಿನ ನುಡಿಗಳೆಲ್ಲ ಒಂದೇ ಅಚ್ಚಿನವು. ಹೊಳೆಯ ಹೆಸರು, ಅವಳು ಮಾಡಿದ್ದು, ಅವಳ ಈಗಿನ ಸ್ಥಿತಿ:

ಕರಿಬಳೆ ಹೊಳೆ ಬಂದು ಎರಡೂರ ಉಳಿಸ್ಯಾಳೊ
ಕರುವೀಗೂ ನೀರು ಕುಡಿಸ್ಯಾಳೊ | ಆ ತಾಯಿ
ಮರಳಾಗಿ ಇಂದು ಮಲಗ್ಯಾಳೊ

ಕೊನೆಯ ನುಡಿ, ಹೊಸ ನೀರಿನ ಎದುರು ನಿಂತು:

ಹೊಸನೀರೆ ಕೇಳವ್ವ ಹೆಸರೊಂದ ತಂದೇವು
ನಸುಕೀಗೆ ಬಂದು ನಿಂತೇವು | ಬಾಯಾರಿ
ಹೆಸರಿಲ್ದೆ ಹೆಂಗ ಕುಡಿಯಾಲಿ

ಪ್ರತಿ ಸಾಲಿನ ಎರಡನೆಯ ಅಕ್ಷರ ನೋಡಿ: ಹಳೆ, ಹೊಳೆ, ಉಳಿ. ಕರಿ, ಕರು, ಮರ. ಹೊಸ, ನಸು, ಹೆಸ. ಸಾಲಿನ ಮೊದಲಿಗೆ ಬರುವ ಈ ಪ್ರಾಸ ಕನ್ನಡದ ಹಳೆಯ ಸೊತ್ತು; 9ನೇ ಶತಮಾನದ ಕವಿರಾಜಮಾರ್ಗವೇ ಅದನ್ನು ಚರ್ಚಿಸುತ್ತದೆ. ಸಾಲಿನ ಕೊನೆಗೆ ತಾಳೆ ಹಾಕುವ ಸಿನಿಮಾ ಹಾಡಿನ ರೂಢಿಗಿಂತ ಇದು ಕಿವಿಗೆ ಹಳತಾಗಿ ಕೇಳಿಸುತ್ತದೆ. ನೆನಪಿಗೂ ನೆರವಾಗುತ್ತದೆ: 'ಕರಿ' ಅಂದ ಕೂಡಲೇ ಮುಂದಿನ ಸಾಲಿನ 'ಕರು' ಎದ್ದು ಬರುತ್ತದೆ.

ಭಾಷೆಯ ವಿಷಯದಲ್ಲಿ ನನ್ನ ಬಲವಾದ ಅಭಿಪ್ರಾಯ ಒಂದಿದೆ. ಪುರಾತನ ಎನ್ನಿಸಲಿ ಅಂತ ಸಂಸ್ಕೃತ ಸಮಾಸ ಪೋಣಿಸಬೇಡಿ. 'ಹೇ ಜಲದೇವತೆ, ಸಕಲ ಜೀವಪೋಷಿಣಿ' ಎಂದರೆ ಓದುಗರಿಗೆ ಹೊರಳುಸೀಮೆ ಕಾಣುವುದಿಲ್ಲ, ಶಾಲಾ ವಾರ್ಷಿಕೋತ್ಸವದ ಪ್ರಾರ್ಥನೆ ನೆನಪಾಗುತ್ತದೆ. ನಿಮ್ಮ ನಾಡಿನಲ್ಲಿ ಪೂಜಾರಿಗಳ ಭಾಷೆ ಬೇರೆ, ಜನರ ಭಾಷೆ ಬೇರೆ ಎಂದಿದ್ದರೆ ಮಾತ್ರ ಅದಕ್ಕೆ ಜಾಗ. ಇಲ್ಲದಿದ್ದರೆ ಕರು, ಮರಳು, ಹಾಸಿಗೆ ಇಂಥ ಮಾತುಗಳೇ ಸಾಕು.

ಒಂದೆರಡು ಮಾತನ್ನು ನಿಷೇಧಿಸಿ. ಕಣದಲ್ಲಿ ರಾಶಿ ಅಳೆಯುವ ರೈತರು ಮೊದಲ ಅಳತೆಗೆ 'ಒಂದು' ಎನ್ನದೆ 'ಲಾಭ' ಎನ್ನುತ್ತಾರೆ. ಹೊರಳುಸೀಮೆಯ ಹಾಡಿನಲ್ಲಿ 'ನೆರೆ' ಎಂಬ ಮಾತು ಬರುವುದಿಲ್ಲ, 'ಸಾವು' ಬರುವುದಿಲ್ಲ. ಊರೇ ಮುಳುಗಿಸಿದ ಒಂದು ಹೊಳೆಯಿದೆ, ಅವಳ ಹೆಸರು ಮೂಗಿ. ಅವಳಿಗೆ ನುಡಿಯಿಲ್ಲ. ಅವಳ ಸರದಿ ಬಂದಾಗ ಎಲ್ಲರೂ ನಲವತ್ತು ಹೆಜ್ಜೆ ಮಾತಿಲ್ಲದೆ ನಡೆಯುತ್ತಾರೆ, ಸೊಲ್ಲೂ ಇಲ್ಲ. ಮರಳಿನ ಸದ್ದು ಮಾತ್ರ.

೬. ಹಾಡನ್ನು ಸವೆಸಿ

ನಿನ್ನೆ ಬರೆದ ಹಾಡು ನೂರು ವರ್ಷ ಹಳತಾಗಿ ಕೇಳಬೇಕಾದರೆ ಅದು ಬಾಯಲ್ಲಿ ಸವೆಯಬೇಕು. ಮನೆಯಲ್ಲಿ ಯಾರಿಗಾದರೂ ಎರಡು ಸಲ ಹಾಡಿ ಕೇಳಿಸಿ, ಬರೆದದ್ದನ್ನು ತೋರಿಸಬೇಡಿ. ಮಾರನೆಯ ದಿನ ಅವರಿಂದ ಹೇಳಿಸಿ, ಫೋನಿನಲ್ಲಿ ರೆಕಾರ್ಡ್ ಮಾಡಿಕೊಳ್ಳಿ. ಎಲ್ಲಿ ಮಾತು ಬದಲಾಯಿತೋ ಅಲ್ಲಿ ಬಹುಪಾಲು ಅವರದ್ದೇ ಸರಿ, ಯಾಕೆಂದರೆ ನಾಲಿಗೆ ಒಪ್ಪದ್ದನ್ನು ಅದು ತಾನಾಗಿ ತಿದ್ದಿರುತ್ತದೆ.

ನನ್ನ ಮನೆಯ ಹತ್ತು ವರ್ಷದ ಹುಡುಗಿ 'ತುಳುಕದೆ ಬಾರೆ' ಎನ್ನುವುದನ್ನು 'ತುಳಕಾದೆ ಬಾರೆ ತುಳಕಾದೆ' ಅಂತ ಹಾಡಿದಳು. ಯಾಕೆ ಹಾಗೆ ಎಂದರೆ, "ತುಳಕಾದೆ ಅಂದ್ರೆ ಆ ಹೊಳೆ ದೇವ್ರ ಹೆಸರಲ್ವಾ?" ಅಂದಳು. ನಾನು ತಿದ್ದಲಿಲ್ಲ. ಈಗ ಹೊರಳುಸೀಮೆಯ ಕೆಳಗಿನ ಊರುಗಳಲ್ಲಿ ತುಳಕಾದೆ ಎಂಬ ದೇವಿ ಇದ್ದಾಳೆ, ಅವಳಿಗೊಂದು ಕಲ್ಲು ಇದೆ. ಮೇಲಿನ ಊರಿನ ಮುದುಕಿಯರು ಮಾತ್ರ ಅದು ಹೆಸರಲ್ಲ, ಎಚ್ಚರಿಕೆ ಅಂತ ಹೇಳುತ್ತಾರೆ, ಯಾರೂ ಕೇಳುವುದಿಲ್ಲ. ಕುಳಿತು ಯೋಚಿಸಿದ್ದರೆ ಈ ದೇವಿ ನನಗೆ ಹೊಳೆಯುತ್ತಿರಲಿಲ್ಲ.

ಎರಡು ಊರಿಗೆ ಒಂದೇ ಹಾಡಿನ ಎರಡು ರೂಪ ಮಾಡಿಕೊಳ್ಳಿ, ಹೆಚ್ಚು ಬೇಡ.

೭. ಕಿವಿಯ ಸಾಕಣೆ, ಮತ್ತು ಒಂದು ಮಿತಿ

ಇದೆಲ್ಲ ಬರಬೇಕಾದರೆ ಕೇಳಬೇಕು. ರಾಮನಗರದ ಜಾನಪದ ಲೋಕಕ್ಕೆ ಹೋಗಿ ಬನ್ನಿ. ಹಾಲಕ್ಕಿ ಸಮುದಾಯದ ಹಾಡುಗಳನ್ನು ಕೊನೆಯವರೆಗೂ ಬಾಯಲ್ಲಿ ಇಟ್ಟುಕೊಂಡಿದ್ದ, 2017ರಲ್ಲಿ ಪದ್ಮಶ್ರೀ ಪಡೆದ ಅಂಕೋಲೆಯ ಸುಕ್ರಿ ಬೊಮ್ಮಗೌಡರ ದನಿ ಧ್ವನಿಮುದ್ರಿಕೆಗಳಲ್ಲಿ ಸಿಗುತ್ತದೆ, ಕೇಳಿ. ಉತ್ತರ ಕರ್ನಾಟಕದ ಮೊಹರಂನ ರಿವಾಯತ್ ಪದಗಳನ್ನು ಕೇಳಿ. ಎಷ್ಟೋ ದೂರದ ಕರ್ಬಲಾದ ದುಃಖ ಕನ್ನಡದ ಧಾಟಿಯಲ್ಲಿ ಎಷ್ಟು ಒಳಗಿನದಾಗಿದೆ ನೋಡಿ. ನಮ್ಮದಲ್ಲದ ಲೋಕವನ್ನು ನಮ್ಮ ದನಿಯಲ್ಲಿ ಹಾಡುವುದಕ್ಕೆ ಇದಕ್ಕಿಂತ ಒಳ್ಳೆಯ ಪಾಠಶಾಲೆ ನನಗೆ ಗೊತ್ತಿಲ್ಲ.

ಆದರೆ ಕಲಿಯುವುದು ಬೇರೆ, ಎತ್ತಿಕೊಳ್ಳುವುದು ಬೇರೆ. ತುಳುನಾಡಿನಲ್ಲಿ ದೈವದ ಎದುರು ಹೇಳುವ ಕಥನದ ಹಾಡಾದ ಪಾಡ್ದನ, ಒಂದು ಸಮುದಾಯ ಸತ್ತವರಿಗೆ ಹಾಡುವ ಹಾಡು ಇವು ಇವತ್ತಿಗೂ ಜನರ ನಂಬಿಕೆ. ಸಾಲುಗಳನ್ನು ಕಿತ್ತು ನಿಮ್ಮ ರಾಕ್ಷಸನ ಬಾಯಿಗೆ ಹಾಕಬೇಡಿ. ಒಬ್ಬರು ಹೇಳಿದರೆ ಇನ್ನೊಬ್ಬರು ಹೇಗೆ ಎತ್ತಿಕೊಳ್ಳುತ್ತಾರೆ, ಎಲ್ಲಿ ಎಳೆಯುತ್ತಾರೆ, ಎಲ್ಲಿ ಸುಮ್ಮನಾಗುತ್ತಾರೆ ಎನ್ನುವ ಕಸುಬನ್ನು ಕಲಿಯಿರಿ. ಪದಗಳನ್ನು ನೀವೇ ಕಟ್ಟಿ.

೮. ಕಥೆಯೊಳಗೆ ಇಡುವುದು

ಪೂರ್ತಿ ಹಾಡು ನಿಮ್ಮ ನೋಟುಪುಸ್ತಕದಲ್ಲಿರಲಿ. ಕಥೆಗೆ ಮೂರು ನುಡಿ ಸಾಕು, ಅವನ್ನೂ ಒಟ್ಟಿಗೆ ಇಡಬೇಡಿ. ಒಂದು ನುಡಿ ಆದ ಮೇಲೆ ನಾಯಕಿಯ ಕತ್ತಿನ ನೋವು ಬರಲಿ, ಸಿಂಬಿ ಒದ್ದೆಯಾಗಿ ಬೆನ್ನಿಗೆ ಇಳಿಯುವ ತಣ್ಣನೆಯ ಹನಿ ಬರಲಿ, ಹಿಂದಿನಿಂದ ಸೊಲ್ಲು ಕೇಳಿಸಲಿ. ಓದುಗರಿಗೆ ಹಾಡಿನ ಅಚ್ಚು ಗೊತ್ತಾದ ಮೇಲೆ ಅದನ್ನು ಮುರಿಯಿರಿ. ನನ್ನ ಕಥೆಯಲ್ಲಿ ಮೂಗಿಯ ಸರದಿ ಬರುತ್ತದೆ, ಎಲ್ಲರೂ ಸುಮ್ಮನೆ ನಡೆಯುತ್ತಾರೆ, ಹತ್ತನೆಯ ಹೆಜ್ಜೆಗೆ ಕೊಡ ಹೊತ್ತವಳು, ಹಾಡುವ ಹಕ್ಕಿಲ್ಲದವಳು, ಬಾಯಿ ತೆರೆಯುತ್ತಾಳೆ. ಆ ನುಡಿಯನ್ನು ಯಾರೂ ಕೇಳಿಲ್ಲ, ಏಕೆಂದರೆ ಅದು ಇಲ್ಲವೇ ಇಲ್ಲ. ಅವಳು ನಡೆಯುತ್ತಲೇ ಕಟ್ಟುತ್ತಿದ್ದಾಳೆ. ಅಚ್ಚು ಮಾತ್ರ ಎಲ್ಲರಿಗೂ ಗೊತ್ತಿರುವುದು, ಹೆಸರು, ಮಾಡಿದ್ದು, ಈಗಿನ ಸ್ಥಿತಿ. ಮೂರನೆಯ ಸಾಲಿಗೆ ಬಂದಾಗ ಹಿಂದಿನವರಲ್ಲಿ ಯಾರೋ ಒಬ್ಬಳು ಮೆಲ್ಲಗೆ ಸೊಲ್ಲು ಹಿಡಿಯುತ್ತಾಳೆ.

ಆ ನುಡಿಯ ಮೊದಲ ಸಾಲನ್ನು ಮಾತ್ರ ಪುಟದ ಮೇಲೆ ಇಟ್ಟಿದ್ದೇನೆ. ಉಳಿದ ಎರಡು ಸಾಲಿನ ಜಾಗದಲ್ಲಿ ಕೊಡದ ಅಂಚಿನಿಂದ ತುಳುಕಿದ ನೀರು ಅವಳ ಹಣೆಯ ಮೇಲೆ ಇಳಿಯುತ್ತದೆ, ಅವಳು ಒರೆಸಿಕೊಳ್ಳುವುದಿಲ್ಲ, ಎರಡೂ ಕೈ ಕೊಡದ ಮೇಲಿವೆ.